ಬಕ್ಲಾವಾ: ಮೂರು ಗಂಟೆಯ ಪಾಠ, ಸಾವಿರ ವರ್ಷಗಳ ಚರಿತ್ರೆ

ಹಿಂದೆ ಪರದೇಶಕ್ಕೆ ಹೋದವರು ಅಲ್ಲಿಂದ ಸಿಹಿಯ ಡಬ್ಬಿ ತರುತ್ತಿದ್ದರು. ಈಗ ಹಲವರು ಸಿಹಿ ಮಾಡುವ ವಿದ್ಯೆಯನ್ನೇ ಕಲಿತು ಬರುತ್ತಿದ್ದಾರೆ. ತುರ್ಕಿಯ ಇಸ್ತಾಂಬುಲ್ ಮತ್ತು ಗಾಝಿಯಾಂತೆಪ್ ನಗರಗಳಲ್ಲಿ ಪ್ರವಾಸಿಗರಿಗೆಂದೇ ಬಕ್ಲಾವಾ ತಯಾರಿಯ ತರಗತಿಗಳು ನಡೆಯುತ್ತವೆ. ಶುಲ್ಕ ಕಟ್ಟಿ, ಮೂರು ಗಂಟೆ ಹಿಟ್ಟಿನೊಂದಿಗೆ ಗುದ್ದಾಡಿ, ಕೊನೆಗೆ ತಾನೇ ಲಟ್ಟಿಸಿದ ಸಿಹಿಯನ್ನು ತಿಂದು ಬರಬಹುದು. ಇದು ಒಳ್ಳೆಯ ಬೆಳವಣಿಗೆಯೇ. ಒಂದು ನಾಡನ್ನು ಅದರ ಮಸೀದಿ, ಕೋಟೆಗಳಿಂದ ಅರಿಯುವಂತೆ ಅಡುಗೆಮನೆಯಿಂದಲೂ ಅರಿಯಬಹುದು.

ಆದರೆ ಇಂಥ ಕಡೆ ಹಿಟ್ಟಿನ ಅಳತೆಯ ಜೊತೆಗೆ ಒಂದಿಷ್ಟು ಇತಿಹಾಸವನ್ನೂ ಬಡಿಸುವ ರೂಢಿಯಿದೆ. ಬಕ್ಲಾವಾ ಸುಲ್ತಾನರ ಅರಮನೆಯ ಸಿಹಿ, ಅದು ಇಂಥವರದೇ ಸ್ವತ್ತು ಎಂಬುದು ಆ ಇತಿಹಾಸದ ಸಾರ. ಅದರಲ್ಲಿ ಸತ್ಯವಿದೆ, ಪೂರ್ಣ ಸತ್ಯವಿಲ್ಲ. ಒಂದು ಸಿಹಿಯನ್ನು ಯಾರೆಲ್ಲ ಬೆಳೆಸಿದರು ಎಂದು ಕೇಳಹೊರಟರೆ ಒಂದು ಪ್ರದೇಶದ ಕೂಡುಬಾಳ್ವೆಯ ಕಥೆಯೂ, ಆ ಬಾಳ್ವೆ ಒಡೆದ ಕಥೆಯೂ ಕಣ್ಣೆದುರು ಬರುತ್ತದೆ.

ಹಿಟ್ಟಿನ ವಿದ್ಯೆ

ಬಕ್ಲಾವಾದ ಜೀವಾಳ ಯುಫ್ಕಾ ಎಂಬ ತೆಳು ಹಾಳೆ. ಗಟ್ಟಿ ಗೋಧಿಯ ಹಿಟ್ಟನ್ನು ಮೊಟ್ಟೆ, ಉಪ್ಪು, ನೀರು ಸೇರಿಸಿ ಚೆನ್ನಾಗಿ ನಾದಿ, ಉಂಡೆ ಮಾಡಿ, ಒದ್ದೆ ಬಟ್ಟೆ ಮುಚ್ಚಿ ಇಡುತ್ತಾರೆ. ಆಮೇಲೆ ಒಕ್ಲಾವಾ ಎಂಬ ತೆಳ್ಳನೆಯ ಉದ್ದ ಲಟ್ಟಣಿಗೆಯಿಂದ ಹತ್ತಾರು ಹಾಳೆಗಳನ್ನು ಒಂದರ ಮೇಲೊಂದಿಟ್ಟು ಒಟ್ಟಿಗೇ ಲಟ್ಟಿಸುತ್ತಾರೆ. ಅವು ಅಂಟಿಕೊಳ್ಳದಂತೆ ನಡುನಡುವೆ ಗಂಜಿಪುಡಿ ಉದುರಿಸುತ್ತಾರೆ. ಅಕ್ಕಿ ಹಿಟ್ಟು, ತುಪ್ಪದ ಲೇಪ ಹಚ್ಚಿ ಚಿರೋಟಿಯ ಪದರ ಬಿಡಿಸುವ ನಮ್ಮ ಬಾಣಸಿಗರಿಗೆ ಈ ಗುಟ್ಟು ಅಪರಿಚಿತವೇನಲ್ಲ. ಹಾಳೆಯ ಹಿಂದೆ ಪತ್ರಿಕೆ ಹಿಡಿದರೆ ಅಕ್ಷರ ಓದುವಂತಿರಬೇಕು ಎಂಬುದು ಉಸ್ತಾದರ ಅಳತೆಗೋಲು.

ಗಾಝಿಯಾಂತೆಪ್‌ನಲ್ಲಿ ಇಂಥ ನಲವತ್ತರಷ್ಟು ಪದರಗಳ ನಡುವೆ ರವೆ ಹಾಕಿ ಕಾಯಿಸಿದ ಹಾಲಿನ ಕೆನೆ ಮತ್ತು ಪಿಸ್ತಾ ತುಂಬುತ್ತಾರೆ. ಈ ಪಿಸ್ತಾ ಪೂರ್ತಿ ಬಲಿಯುವ ಮುನ್ನವೇ ಕೊಯ್ದದ್ದು. ಹಚ್ಚ ಹಸಿರು ಬಣ್ಣವೂ ಗಾಢ ರುಚಿಯೂ ಅದರಿಂದಲೇ ಬರುತ್ತವೆ. ಆಡುಕುರಿಗಳ ಹಾಲಿನ ತುಪ್ಪ ಸುರಿದು, ಓಕ್ ಸೌದೆಯ ಕಲ್ಲಿನ ಒಲೆಯಲ್ಲಿ ಬೇಯಿಸಿ, ಕುದಿಯುವ ಸಕ್ಕರೆ ಪಾಕವನ್ನು ಬಿಸಿ ತಟ್ಟೆಗೇ ಹೊಯ್ಯುತ್ತಾರೆ. ಫೋರ್ಕ್ ಚುಚ್ಚಿದಾಗ ಒಣ ಎಲೆ ತುಳಿದಂಥ ಸದ್ದು ಕೇಳಿಸಬೇಕು. ಸದ್ದಿಲ್ಲದ ಬಕ್ಲಾವಾವನ್ನು ಅಲ್ಲಿಯವರು ಮೆಚ್ಚುವುದಿಲ್ಲ.

ಬಗ್ದಾದ್‌ನಿಂದ ಇಸ್ತಾಂಬುಲ್‌ಗೆ

ಈ ಸಿಹಿ ಹುಟ್ಟಿದ್ದೆಲ್ಲಿ? ರೋಮನ್ ಲೇಖಕ ಕೇಟೊ ಕ್ರಿ.ಪೂ. 2ನೇ ಶತಮಾನದಲ್ಲೇ ಹಿಟ್ಟಿನ ಹಾಳೆಗಳ ನಡುವೆ ಗಿಣ್ಣು, ಜೇನು ತುಂಬಿದ ಭಕ್ಷ್ಯವೊಂದನ್ನು ವಿವರಿಸಿದ್ದಾನೆ. 10ನೇ ಶತಮಾನದಲ್ಲಿ ಇಬ್ನ್ ಸಯ್ಯಾರ್ ಅಲ್ ವರ್ರಾಕ್ ಸಂಕಲಿಸಿದ ಅಬ್ಬಾಸೀ ಕಾಲದ ಪಾಕಗ್ರಂಥದಲ್ಲಿ ಲೌಝೀನಜ್ ಎಂಬ ಸಿಹಿ ಬರುತ್ತದೆ. ಅರೆದ ಬಾದಾಮಿ ಮತ್ತು ಸಕ್ಕರೆಯನ್ನು ಅತಿ ತೆಳುವಾದ ಹಾಳೆಯಲ್ಲಿ ಸುತ್ತಿ ಪಾಕದಲ್ಲಿ ನೆನೆಸುವ ತಿನಿಸು ಅದು. ಇನ್ನು 1070ರ ದಶಕದಲ್ಲಿ ಮಹ್ಮೂದ್ ಅಲ್ ಕಾಶ್ಗರಿ ತುರ್ಕಿ ಭಾಷೆಗಳ ನಿಘಂಟನ್ನು ರಚಿಸಿದಾಗ, ಯುಫ್ಕಾದ ಹಳೆಯ ರೂಪವಾದ ಪದವನ್ನೂ ಮಡಿಕೆಯ ರೊಟ್ಟಿಗಳನ್ನೂ ಅದರಲ್ಲಿ ದಾಖಲಿಸಿದರು. ಮಧ್ಯ ಏಷ್ಯಾದ ಅಲೆಮಾರಿ ತುರ್ಕಿಯರ ಈ ಪದಕೋಶ ಸಿದ್ಧವಾದದ್ದು ಅರಬರ ಬಗ್ದಾದ್ ನಗರದಲ್ಲಿ.

ಅಲೆಮಾರಿಗಳ ಪದರ ರೊಟ್ಟಿ, ಬಗ್ದಾದ್‌ನ ಬಾದಾಮಿ ಮತ್ತು ಪಾಕ, ಪೂರ್ವ ಮೆಡಿಟರೇನಿಯನ್ ತೀರದ ಹಿಟ್ಟಿನ ಭಕ್ಷ್ಯಗಳು – ಇವೆಲ್ಲ ಉಸ್ಮಾನೀ ಸಾಮ್ರಾಜ್ಯದ ವಿಶಾಲ ಅಂಗಳದಲ್ಲಿ ಒಂದಾದವು. ಇಸ್ತಾಂಬುಲನ್ನು ಜಯಿಸಿದ ಸುಲ್ತಾನ್ ಮುಹಮ್ಮದ್ ಫಾತಿಹ್‌ರ ಅರಮನೆಯ ಅಡುಗೆ ದಾಖಲೆಗಳಲ್ಲಿ 1473ರಷ್ಟು ಹಿಂದೆಯೇ ಬಕ್ಲಾವಾದ ಉಲ್ಲೇಖವಿದೆ. ತೋಪ್‌ಕಾಪಿ ಅರಮನೆಯ ಅಡುಗೆಮನೆಗಳು 1574ರ ಬೆಂಕಿಯಲ್ಲಿ ಸುಟ್ಟುಹೋದಾಗ ಅವನ್ನು ಮರಳಿ ಕಟ್ಟಿದವರು ಮಹಾಶಿಲ್ಪಿ ಮಿಮಾರ್ ಸಿನಾನ್. ಅಲ್ಲಿ ಹಲ್ವಾ ಮತ್ತಿತರ ಸಿಹಿಗಳಿಗೆಂದೇ ಪ್ರತ್ಯೇಕ ವಿಭಾಗವಿತ್ತು.

ಸಿಪಾಯಿಗಳ ತಟ್ಟೆ

ಈ ಸಿಹಿಗೆ ರಾಜಕೀಯದ ಒಂದು ಅಧ್ಯಾಯವೂ ಇದೆ. ರಮಝಾನ್‌ನ 15ರಂದು ಸುಲ್ತಾನರು ತೋಪ್‌ಕಾಪಿಯಲ್ಲಿರುವ ಪ್ರವಾದಿ ಮುಹಮ್ಮದ್(ಸ)ರ ನಿಲುವಂಗಿಯನ್ನು ಸಂದರ್ಶಿಸುತ್ತಿದ್ದರು. ಅದೇ ದಿನ ಯೆನಿಚೆರಿ ಎಂಬ ಖಾಯಂ ಸೇನೆಗೆ ಹತ್ತು ಸಿಪಾಯಿಗಳಿಗೆ ಒಂದರಂತೆ ಬಕ್ಲಾವಾದ ತಟ್ಟೆಗಳನ್ನು ಕೊಡಲಾಗುತ್ತಿತ್ತು. ಬಟ್ಟೆಯಲ್ಲಿ ಕಟ್ಟಿದ ತಟ್ಟೆಗಳನ್ನು ಕೋಲಿಗೆ ತೂಗುಹಾಕಿ, ಇಬ್ಬಿಬ್ಬರಾಗಿ ಹೊತ್ತು ಅವರು ಬ್ಯಾರಕ್ಕಿಗೆ ಮೆರವಣಿಗೆ ಹೋಗುತ್ತಿದ್ದರು. ನೋಡಲು ಬೀದಿಯುದ್ದಕ್ಕೂ ಜನ ನೆರೆಯುತ್ತಿದ್ದರು.

ಈ ಸೇನೆಯಲ್ಲಿ ಅನ್ನದ ಋಣಕ್ಕೆ ವಿಶೇಷ ಅರ್ಥವಿತ್ತು. ಅವರ ದಳದ ಹೆಸರು 'ಒಲೆ', ದಳಪತಿಯ ಬಿರುದು 'ಸೂಪಿನವ'. ಅತೃಪ್ತಿಯುಂಟಾದರೆ ಅಡುಗೆಯ ಕಡಾಯಿಯನ್ನು ಮಗುಚುತ್ತಿದ್ದರು. ಅದುವೇ ಬಂಡಾಯದ ಸಾರಿಕೆ. ಹೀಗಾಗಿ ರಮಝಾನ್‌ನ ಬಕ್ಲಾವಾ ಸುಲ್ತಾನರ ಔದಾರ್ಯ ಹೇಗೋ ಹಾಗೆ ಸಿಪಾಯಿಗಳ ನಿಷ್ಠೆಯ ಪರೀಕ್ಷೆಯೂ ಆಗಿತ್ತು. 1826ರಲ್ಲಿ ಎರಡನೇ ಮಹ್ಮೂದ್ ಆ ಸೇನೆಯನ್ನೇ ರಕ್ತಪಾತದೊಂದಿಗೆ ರದ್ದುಪಡಿಸಿದಾಗ ಮೆರವಣಿಗೆಯೂ ನಿಂತುಹೋಯಿತು.

ಅರಮನೆಯ ಹೊರಗೆ ಬಡವರ ಮನೆಯಲ್ಲಿ ಸಕ್ಕರೆ ದುಬಾರಿ ವಸ್ತುವಾಗಿತ್ತು. ಹಳ್ಳಿಯ ಹೆಣ್ಣುಮಕ್ಕಳು ಹಬ್ಬದ ಮುನ್ನ ಒಟ್ಟಿಗೆ ಕುಳಿತು ಹಾಳೆ ಲಟ್ಟಿಸಿ, ಜೇನನ್ನೋ ಬತ್ತಿಸಿದ ದ್ರಾಕ್ಷಿ ರಸವನ್ನೋ ಹೊಯ್ಯುತ್ತಿದ್ದರು. ತುರ್ಕಿಯ ಮೊದಲ ಬೀಟ್‌ರೂಟ್ ಸಕ್ಕರೆ ಕಾರ್ಖಾನೆಗಳು ಅಲ್ಪುಲ್ಲು ಮತ್ತು ಉಶಾಕ್‌ಗಳಲ್ಲಿ ಆರಂಭವಾದದ್ದು 1926ರಲ್ಲಿ. ಪ್ರವಾಸಿ ಇಂದು ಬೀದಿಬೀದಿಯಲ್ಲಿ ಕಾಣುವ ಸಕ್ಕರೆ ಪಾಕದ ಬಕ್ಲಾವಾದ ಸಮೃದ್ಧಿ ಬಂದದ್ದು ಆಮೇಲೆ. ಅರಮನೆಯ ಬಾಣಸಿಗರಂತೆ ಈ ಹೆಸರಿಲ್ಲದ ಮಹಿಳೆಯರೂ ಆ ವಿದ್ಯೆಯನ್ನು ಕಾಪಾಡಿದವರು.

ಅತಿಥಿ ಮತ್ತು ಗಿರಾಕಿ

ಅನತೋಲಿಯಾದ ಕಸುಬುದಾರರಲ್ಲಿ 13ನೇ ಶತಮಾನದಿಂದ 'ಅಹೀ' ಎಂಬ ಸಂಘಟನೆ ಬೇರೂರಿತ್ತು. ಕಿರ್‌ಶೆಹಿರ್‌ನ ಅಹೀ ಎವ್ರಾನ್ ಇದರ ಮೂಲಪುರುಷರೆಂದು ಪ್ರಸಿದ್ಧರು. ಹುಡುಗ ಮೊದಲು ಶಿಷ್ಯ, ಬಳಿಕ ಸಹಾಯಕ, ಕೊನೆಗೆ ಉಸ್ತಾದ್. ಪ್ರತಿ ಹಂತಕ್ಕೂ ವರ್ಷಗಟ್ಟಲೆ ಕಾಯಬೇಕು. ಗುರು ಸೊಂಟಕ್ಕೆ ಪಟ್ಟಿ ಕಟ್ಟಿದ ಮೇಲಷ್ಟೇ ಸ್ವಂತ ಅಂಗಡಿ. ಕೈ, ಮನೆಬಾಗಿಲು ಮತ್ತು ಊಟದ ಸುಪ್ರ ಸದಾ ತೆರೆದಿರಬೇಕು ಎಂಬುದು ಅವರ ಬೋಧನೆ. ತೂಕದಲ್ಲಿ ಮೋಸ ಮಾಡಿದವನಿಗೆ ಕಸುಬಿನಲ್ಲಿ ಜಾಗವಿರಲಿಲ್ಲ. ಇಂದಿಗೂ ಬಕ್ಲಾವಾ ಅಂಗಡಿಗಳಲ್ಲಿ ಹುಡುಗರು ತಟ್ಟೆ ತೊಳೆಯುವುದರಿಂದ ಆರಂಭಿಸಿ, ಹಲವು ವರ್ಷ ಕಳೆದ ಮೇಲೆ ಲಟ್ಟಣಿಗೆ ಹಿಡಿಯುವ ಪದ್ಧತಿ ಉಳಿದಿದೆ.

1330ರ ದಶಕದಲ್ಲಿ ಇಬ್ನ್ ಬತೂತಾ ಆ ನಾಡಿಗೆ ಬಂದಾಗ ಅಹೀಗಳು ಊಟ, ಹಣ್ಣು, ಸಿಹಿ ಕೊಟ್ಟು ಸತ್ಕರಿಸಿದರು. ಈಗಿನ ದೆನಿಝ್ಲಿ ಊರಿನಲ್ಲಿ ಎರಡು ಗುಂಪುಗಳು ಅವರ ಕುದುರೆಗಳ ಲಗಾಮು ಹಿಡಿದು ಜಗಳಕ್ಕೇ ಇಳಿದವು. ದರೋಡೆಕೋರರೆಂದು ಅವರು ಹೆದರಿದರು. ಅತಿಥಿಯನ್ನು ಯಾರು ಮನೆಗೆ ಕರೆದೊಯ್ಯಬೇಕು ಎಂಬುದೇ ಜಗಳದ ಕಾರಣವೆಂದು ತಿಳಿದದ್ದು ಆಮೇಲೆ! ಅಂದಿನ ಪ್ರವಾಸಿ ಅತಿಥಿ. ಇಂದಿನ ಪ್ರವಾಸಿ ಗಿರಾಕಿ. ಕಾಲ ಬದಲಾದದ್ದಕ್ಕೆ ಯಾರನ್ನೂ ದೂರಬೇಕಿಲ್ಲ. ಆದರೆ ಮೂರು ಗಂಟೆಯಲ್ಲಿ ಕೈಗೆ ಬರುವುದು ಪಾಕವಿಧಾನ ಮಾತ್ರ, ಕಸುಬಲ್ಲ ಎಂಬ ವಿನಯವಾದರೂ ಪ್ರವಾಸಿಗೆ ಇರಬೇಕಾಗುತ್ತದೆ.

ಗಡಿಗಳು ಸೀಳಿದ ಅಡುಗೆಮನೆ

ಇಂದು ಬಕ್ಲಾವಾದ ರಾಜಧಾನಿ ಎನಿಸಿರುವ ಗಾಝಿಯಾಂತೆಪ್‌ನ ಹಳೆಯ ಹೆಸರು ಐನ್‌ತಾಬ್. ಉಸ್ಮಾನೀ ಆಡಳಿತದ ಕೊನೆಗಾಲದಲ್ಲಿ ಅದು ಅಲೆಪ್ಪೊ ಪ್ರಾಂತ್ಯಕ್ಕೆ ಸೇರಿತ್ತು. ಎರಡೂ ಊರುಗಳ ನಡುವಿನ ಅಂತರ ಸುಮಾರು 100 ಕಿ.ಮೀ. ಪಿಸ್ತಾ, ತುಪ್ಪ, ವ್ಯಾಪಾರ, ರುಚಿ ಎಲ್ಲದರಲ್ಲೂ ಅವು ಅಕ್ಕತಂಗಿಯರಂತಿದ್ದವು. ತುರ್ಕಿಯರು, ಅರಬರು, ಕುರ್ದರು ಮತ್ತು ದೊಡ್ಡ ಸಂಖ್ಯೆಯ ಅರ್ಮೇನಿಯನ್ ಕ್ರೈಸ್ತರು ಐನ್‌ತಾಬ್‌ನ ಸುತ್ತ ಕೂಡಿ ಬಾಳಿದ್ದರು. 1915ರಲ್ಲಿ ಅರ್ಮೇನಿಯನ್ನರನ್ನು ಊರಿನಿಂದ ಹೊರಗಟ್ಟಲಾಯಿತು. ಅಸಂಖ್ಯ ಜನ ದಾರಿಯಲ್ಲೂ ಮರುಭೂಮಿಯಲ್ಲೂ ಸತ್ತರು. ಉಳಿದು ಮರಳಿದವರೂ 1921ರಲ್ಲಿ ಫ್ರೆಂಚ್ ಸೇನೆ ಹಿಂತೆಗೆಯುವ ಹೊತ್ತಿಗೆ ಊರು ತೊರೆಯತೊಡಗಿ ಅಲೆಪ್ಪೊ, ಬೈರೂತ್‌ಗಳಲ್ಲಿ ನೆಲೆಸಿದರು. ಫ್ರೆಂಚರ ವಿರುದ್ಧದ ಹೋರಾಟಕ್ಕಾಗಿ ಆ ವರ್ಷವೇ ಊರಿಗೆ 'ಗಾಝಿ' ಎಂಬ ಬಿರುದು ದೊರೆಯಿತು. ಅದೇ ವರ್ಷದ ಒಪ್ಪಂದದಲ್ಲಿ ಎಳೆದ ಗಡಿ ಅಕ್ಕತಂಗಿಯರನ್ನು ಎರಡು ದೇಶಗಳಿಗೆ ಹಂಚಿತು. ಒಂದೇ ಘಟನೆ ಒಬ್ಬರಿಗೆ ವಿಜಯ, ಇನ್ನೊಬ್ಬರಿಗೆ ವಿದಾಯ.

ಸಿಹಿಯ ಒಡೆತನದ ಜಗಳ ಆಮೇಲೂ ಮುಗಿಯಲಿಲ್ಲ. 2006ರಲ್ಲಿ ಯುರೋಪಿಯನ್ ಒಕ್ಕೂಟದ ಪ್ರಚಾರವೊಂದರಲ್ಲಿ ಬಕ್ಲಾವಾವನ್ನು ಸೈಪ್ರಸ್‌ನ ಸಿಹಿಯಾಗಿ ತೋರಿಸಿದಾಗ ತುರ್ಕಿಯ ತಯಾರಕರು ಪ್ರತಿಭಟಿಸಿದರು. 2013ರಲ್ಲಿ 'ಆಂತೆಪ್ ಬಕ್ಲಾವಾ'ಕ್ಕೆ ಒಕ್ಕೂಟದ ಭೌಗೋಳಿಕ ಮಾನ್ಯತೆ ಸಿಕ್ಕಿತು. ತುರ್ಕಿಗೆ ಅಂಥ ಮಾನ್ಯತೆ ತಂದ ಮೊದಲ ಉತ್ಪನ್ನ ಅದು. ಒಂದು ಊರಿನ ಕಸುಬುದಾರರ ಶ್ರಮವನ್ನು ನಕಲಿಗಳಿಂದ ಕಾಯುವುದು ನ್ಯಾಯವೇ. ಆದರೆ ಆ ಮಾನ್ಯತೆ ಕಾಯುವುದು ಆಂತೆಪ್‌ನ ಹೆಸರನ್ನು ಮಾತ್ರ. ಬಕ್ಲಾವಾ ಎಂಬ ವಿದ್ಯೆಗೆ ಅದು ಬೇಲಿ ಹಾಕುವುದಿಲ್ಲ. ಗ್ರೀಕರು ಕ್ರಿಸ್ಮಸ್‌ಗೆ, ಅಝರ್‌ಬೈಜಾನಿಗಳು ನವ್ರೋಝ್‌ಗೆ, ತುರ್ಕಿಯರು ಮತ್ತು ಅರಬರು ಈದ್‌ಗೆ ಅದನ್ನು ಮಾಡುತ್ತಲೇ ಇದ್ದಾರೆ.

2011ರ ನಂತರ ಸಿರಿಯಾದ ಯುದ್ಧ ಲಕ್ಷಾಂತರ ನಿರಾಶ್ರಿತರನ್ನು ಗಾಝಿಯಾಂತೆಪ್‌ಗೆ ತಂದಿತು. ಅವರಲ್ಲಿ ಅಲೆಪ್ಪೊದವರು ಬಹಳ. ಅವರಲ್ಲಿ ಕೆಲವರು ತಮ್ಮ ಊರಿನ ಸಿಹಿಗಳ ಅಂಗಡಿ ತೆರೆದರು. ನೂರು ವರ್ಷಗಳ ಹಿಂದೆ ಗಡಿ ಸೀಳಿದ ಅಡುಗೆಮನೆ ಸಂಕಟದ ನಡುವೆ ಮತ್ತೆ ಒಂದಾಯಿತು. 2023ರ ಫೆಬ್ರವರಿ 6ರ ಭೂಕಂಪ ಗಡಿಯ ಎರಡೂ ಬದಿಯ ಮನೆಗಳನ್ನು ಕೆಡವಿ ಐವತ್ತು ಸಾವಿರಕ್ಕೂ ಮಿಕ್ಕಿ ಜನರನ್ನು ಬಲಿ ಪಡೆಯಿತು. ಸತ್ತವರಲ್ಲಿ ಎರಡೂ ದೇಶಗಳವರಿದ್ದರು.

ಪರನಾಡಿನಲ್ಲಿ ಸಿಹಿ ಕಲಿಯಲು ಹೋಗುವವರು ಖಂಡಿತ ಹೋಗಲಿ. ಹಿಟ್ಟೆಷ್ಟು, ತುಪ್ಪವೆಷ್ಟು ಎಂಬುದರ ಜೊತೆಗೆ, ಈ ಒಲೆಯ ಸುತ್ತ ಹಿಂದೆ ಯಾರೆಲ್ಲ ಕುಳಿತಿದ್ದರು, ಅವರೀಗ ಎಲ್ಲಿದ್ದಾರೆ ಎಂದೂ ಕೇಳಲಿ. ಪರಂಪರೆ ಎಂಬ ಮಾತಿಗೆ ಅರ್ಥ ಬರುವುದು ಆ ಪ್ರಶ್ನೆಗೆ ಉತ್ತರ ಸಿಕ್ಕಾಗಲೇ.