ಸ್ವರ್ಣಸಂಖ್ಯೆ: ಜಿಗ್ಮಾಂಡಿಯ ಉಪ್ಪು, ಲಾಂಗೆಯ ಉಪ್ಪು

ಚಿನ್ನದ ನ್ಯಾನೊಕಣಗಳು ವೈದ್ಯಕೀಯ ಪರೀಕ್ಷೆಗೆ ಬಂದ ಬಗೆಯನ್ನು ಹೇಳುವ ವಿಮರ್ಶಾ ಲೇಖನಗಳಲ್ಲಿ ಒಂದು ರೂಢಿ ಬೇರೂರಿದೆ. ಚಿನ್ನದ ಕಣಗಳ ದ್ರಾವಣ ತಯಾರಿಸಿದ 1857ರ ಫ್ಯಾರಡೆಯಿಂದ ಹೊರಟು ಒಂದೇ ನೆಗೆತಕ್ಕೆ ಅದೇ ಕೆಲಸದ 1951ರ ಟರ್ಕೆವಿಚ್. ಅಲ್ಲಿಂದ 1971ರ ಫಾಕ್ ಮತ್ತು ಟೇಲರ್. ಪ್ರತಿಕಾಯವನ್ನು ಚಿನ್ನದ ಕಣಕ್ಕೆ ಅಂಟಿಸಿ ಎಲೆಕ್ಟ್ರಾನ್ ಸೂಕ್ಷ್ಮದರ್ಶಕದಡಿ ಗುರುತಿಸಿದ ಅವರ ಲೇಖನದಿಂದಲೇ ಕಥೆ ಆರಂಭವೆಂಬುದು ಈ ರೂಢಿಯ ನಂಬಿಕೆ. ಫ್ಯಾರಡೆಗೂ ಟರ್ಕೆವಿಚ್‌ಗೂ ನಡುವೆ 94 ವರ್ಷಗಳಿವೆ. ಆ ಅವಧಿಯಲ್ಲೇ ರಿಚರ್ಡ್ ಜಿಗ್ಮಾಂಡಿಯ ‘ಗೋಲ್ಡ್‌ತ್ಸಾಲ್’, ಅಂದರೆ ಸ್ವರ್ಣಸಂಖ್ಯೆ ಹುಟ್ಟಿತು (1901); ಕಾರ್ಲ್ ಲಾಂಗೆಯ ಬೆನ್ನುಹುರಿ ದ್ರವದ ಚಿನ್ನದ ಪರೀಕ್ಷೆ ಬಂತು (1912); ಆ ಪರೀಕ್ಷೆ ದಶಕಗಳ ಕಾಲ ಆಸ್ಪತ್ರೆಗಳ ನಿತ್ಯದ ಕೆಲಸವಾಗಿತ್ತು. ಇವುಗಳ ಪ್ರಸ್ತಾಪ ಎಲ್ಲಾದರೂ ಬಂದರೂ ಅದು ಒಂದೇ ವಾಕ್ಯದಲ್ಲಿ ಮುಗಿಯುತ್ತದೆ: ಲಾಂಗೆ ಸ್ವರ್ಣಸಂಖ್ಯೆಯನ್ನು ಬೆನ್ನುಹುರಿ ದ್ರವಕ್ಕೆ ಅನ್ವಯಿಸಿದ ಎಂದು. ಒಬ್ಬರು ಬರೆದದ್ದನ್ನು ಇನ್ನೊಬ್ಬರು ಎತ್ತಿಕೊಂಡು ಈ ವಾಕ್ಯ ಸಾಗಿಬಂದಿದೆ. ಇದು ತಪ್ಪು. ತಪ್ಪೆಂದು ತೋರಿಸಲು ಹೊಸ ದಾಖಲೆಯೇನೂ ಬೇಕಿಲ್ಲ, ಎರಡೂ ಪರೀಕ್ಷೆಗಳಲ್ಲಿ ಹಾಕುತ್ತಿದ್ದ ಉಪ್ಪಿನ ಲೆಕ್ಕ ಸಾಕು.

ಮೊದಲು ಪದದ ವ್ಯಾಖ್ಯೆ. ನಮ್ಮ ಪದವಿಪೂರ್ವ ತರಗತಿಯ ಮಾರ್ಗದರ್ಶಿಗಳೂ ಪ್ರವೇಶ ಪರೀಕ್ಷೆಯ ಕೈಪಿಡಿಗಳೂ ಕಲಿಸುತ್ತ ಬಂದದ್ದು ಹೀಗೆ: 10 ಮಿಲಿಲೀಟರ್ ಚಿನ್ನದ ಕಲಿಲಕ್ಕೆ 1 ಮಿಲಿಲೀಟರ್ 10% ಉಪ್ಪಿನ ದ್ರಾವಣ ಹಾಕಿದಾಗ ಅದು ಗರಣೆಗಟ್ಟದಂತೆ ತಡೆಯುವ ರಕ್ಷಕ ಕಲಿಲದ ಕನಿಷ್ಠ ಪ್ರಮಾಣ, ಮಿಲಿಗ್ರಾಂಗಳಲ್ಲಿ. ಜಿಗ್ಮಾಂಡಿ ಹೇಳಿದ್ದು ಇದಲ್ಲ. ಅವನ ಸ್ವರ್ಣಸಂಖ್ಯೆಯೆಂದರೆ ಕೆಂಪು ದ್ರಾವಣ ನೇರಳೆಗೆ ತಿರುಗುವುದನ್ನು ತಡೆಯಲು ಕೂದಲೆಳೆಯಷ್ಟರಲ್ಲಿ ಸಾಲದೆ ಹೋಗುವ ಪ್ರಮಾಣ. ಒಂದು ವ್ಯಾಖ್ಯೆ ರಕ್ಷಣೆ ಗೆದ್ದ ಬಿಂದುವನ್ನು ಹಿಡಿಯುತ್ತದೆ, ಇನ್ನೊಂದು ರಕ್ಷಣೆ ಸೋತ ಬಿಂದುವನ್ನು. ‘ಎರಡೂ ಒಂದೇ ಅಲ್ಲವೇ, ನಡುವಿನ ಅಂತರ ಎಷ್ಟು ಮಹಾ’ ಎಂಬ ಆಕ್ಷೇಪ ಏಳುವುದು ಸಹಜ. ಅದಕ್ಕೆ ಉತ್ತರ ಅವನು ಕೆಲಸ ಮಾಡಿದ ಕ್ರಮದಲ್ಲಿದೆ.

ಮೂರು ಪುಟ್ಟ ಬೀಕರ್‌ಗಳು. ಪರೀಕ್ಷಿಸಬೇಕಾದ ಅಂಟು ಅಥವಾ ಪ್ರೊಟೀನಿನ ದ್ರಾವಣವನ್ನು ಒಂದಕ್ಕೆ 0.01, ಇನ್ನೊಂದಕ್ಕೆ 0.1, ಮೂರನೆಯದಕ್ಕೆ 1 ಮಿಲಿಲೀಟರ್ ಹಾಕಬೇಕು. ಪ್ರತಿಯೊಂದಕ್ಕೂ 10 ಮಿಲಿಲೀಟರ್ ಮಾಣಿಕ್ಯಗೆಂಪಿನ ಚಿನ್ನದ ದ್ರಾವಣ ಸೇರಿಸಿ ಚೆನ್ನಾಗಿ ಕಲಸಬೇಕು. ಮೂರು ನಿಮಿಷ ಬಿಟ್ಟು 1 ಮಿಲಿಲೀಟರ್ ಉಪ್ಪುನೀರು. ಮೊದಲ ಬೀಕರ್ ನೇರಳೆಯಾಗಿ ಉಳಿದೆರಡು ಕೆಂಪಾಗಿಯೇ ಉಳಿದರೆ ಸಂಖ್ಯೆ ಮೊದಲನೆಯದಕ್ಕೂ ಎರಡನೆಯದಕ್ಕೂ ನಡುವೆ ಇದೆ. ಆ ನಡುವನ್ನು ಮತ್ತೆ ಸೀಳಿ ನೋಡಬೇಕು. ಹಾಗಾಗಿಯೇ ಅವನ ಪಟ್ಟಿಯಲ್ಲಿ ಜೆಲಟಿನ್‌ಗೆ 0.005ರಿಂದ 0.01, ಗೋಂದಿಗೆ 0.15ರಿಂದ 0.25 ಎಂದು ಜೋಡಿ ಅಂಕಿಗಳಿವೆ. ಇದು ಅಳತೆಯ ದೋಷವನ್ನು ಸೂಚಿಸುವ ಅಂತರವಲ್ಲ. ಒಂದು ಅಂಕಿ ಸೋತ ಬೀಕರಿನದು, ಇನ್ನೊಂದು ಗೆದ್ದ ಬೀಕರಿನದು. ಪಠ್ಯಪುಸ್ತಕಗಳು ಇದರಲ್ಲಿ ಒಂದನ್ನು ಉಳಿಸಿಕೊಂಡು ‘ಕನಿಷ್ಠ ಪ್ರಮಾಣ’ ಎಂದಾಗ, ಪದದ ಒಳಗಿದ್ದ ಇಡೀ ಪ್ರಯೋಗವೇ ಮಾಯವಾಗುತ್ತದೆ. (ವುಲ್ಫ್‌ಗಾಂಗ್ ಓಸ್ಟ್ವಾಲ್ಡನ ಕಾಂಗೊ ರೂಬಿನ್ ಸಂಖ್ಯೆಯೂ ರಕ್ಷಣಾಬಲದ ಒಂದು ಅಳತೆ; ಅದನ್ನು ಪುಸ್ತಕಗಳು ‘ತಡೆಯುವ ಪ್ರಮಾಣ’ ಎಂದೇ ಹೇಳುತ್ತವೆ. ಎರಡು ವ್ಯಾಖ್ಯೆಗಳೂ ಒಂದೇ ಪುಟದಲ್ಲಿ ಅಕ್ಕಪಕ್ಕ ಕೂರುವುದರಿಂದ ಅದರ ಭಾಷೆ ಇದಕ್ಕೂ ಹತ್ತಿರಬಹುದು ಎಂಬುದು ನನ್ನ ಊಹೆ. ಊಹೆಗಿಂತ ಹೆಚ್ಚಿನ ತೂಕವನ್ನು ಇದಕ್ಕೆ ಕೊಡಲಾರೆ.)

ಪರೀಕ್ಷೆಯ ನಾಜೂಕು ಚಿನ್ನದ ದ್ರಾವಣದ ತಯಾರಿಯಲ್ಲೇ ಕಾಣುತ್ತದೆ. 120 ಮಿಲಿಲೀಟರ್ ನೀರು, ಅದೂ ಬೆಳ್ಳಿಯ ಕೊಳವೆಯ ಮೂಲಕ ತಣಿಸಿ ಬಟ್ಟಿ ಇಳಿಸಿದ್ದು. ಯೇನಾ ಗಾಜಿನ ಬೀಕರ್. ಗೋಲ್ಡ್ ಕ್ಲೋರೈಡ್, ಪೊಟ್ಯಾಸಿಯಂ ಕಾರ್ಬೊನೇಟ್. ಕುದಿಯುವ ಹೊತ್ತಿಗೆ ಬಿಡದೆ ಕಲಕುತ್ತ ತೆಳುವಾದ ಫಾರ್ಮಾಲ್ಡಿಹೈಡ್. ಸಾಧಾರಣ ಗಾಜಿನಿಂದ ಬಿಡುವ ಕ್ಷಾರವೂ ನೀರಿನ ಕಶ್ಮಲವೂ ಬಣ್ಣ ಕೆಡಿಸುತ್ತವೆ. ಇಷ್ಟು ಕಟ್ಟುನಿಟ್ಟು ಮಾಡಿದವನಿಗೆ ಕಣಗಳ ಗಾತ್ರ ಆಗಿನ್ನೂ ಗೊತ್ತಿರಲಿಲ್ಲ. ಸೀಡೆಂಟೋಫ್ ಜೊತೆ ಕಟ್ಟಿದ, ಅಂಥ ಕಣಗಳನ್ನು ಕಾಣಿಸುವ ಅಲ್ಟ್ರಾಮೈಕ್ರೋಸ್ಕೋಪ್ ಪ್ರಕಟವಾದದ್ದು 1903ರಲ್ಲಿ. ಆಮೇಲೆ ಅವನು ಗಾತ್ರವನ್ನು ಬರೆದದ್ದು ಮಿಲಿಮೀಟರಿನ ಹತ್ತು ಲಕ್ಷದ ಒಂದು ಭಾಗದ ಲೆಕ್ಕದಲ್ಲಿ. ನಾವು ಈಗ ನ್ಯಾನೊಮೀಟರ್ ಎನ್ನುವುದು ಅದನ್ನೇ.

1903ರ ಇನ್ನೊಂದು ಲೇಖನವನ್ನು ಯಾರೂ ಓದುತ್ತಿಲ್ಲವೆಂಬುದು ನನಗೆ ನಿಜಕ್ಕೂ ನೋವಿನ ಸಂಗತಿ. ಶುಲ್ಜ್ ಮತ್ತು ಜಿಗ್ಮಾಂಡಿ ಸೇರಿ ಮೊಟ್ಟೆಯ ಬಿಳಿಯನ್ನು ಅದರ ಭಾಗಗಳಾಗಿ ಬೇರ್ಪಡಿಸಿ ಒಂದೊಂದರ ಸ್ವರ್ಣಸಂಖ್ಯೆ ಹಿಡಿದರು. ಗ್ಲೋಬ್ಯುಲಿನ್ 0.02–0.05; ಓವೊಮ್ಯುಕಾಯ್ಡ್ 0.04–0.08, ಹರಳುಗಟ್ಟಿದ ಆಲ್ಬ್ಯುಮಿನ್ 2–8. ಒಂದೇ ಮೊಟ್ಟೆಯ ಎರಡು ಪ್ರೊಟೀನುಗಳ ನಡುವೆ ನೂರು ಪಟ್ಟು ವ್ಯತ್ಯಾಸ! ರಕ್ಷಣಾಬಲದ ಅಳತೆಗೋಲಾಗಿ ಹುಟ್ಟಿದ್ದು ಇಲ್ಲಿಗೆ ಪ್ರೊಟೀನನ್ನು ಗುರುತಿಸುವ ಸಾಧನವಾಯಿತು. ಚಿನ್ನದ ನ್ಯಾನೊಕಣದಿಂದ ಜೈವಿಕ ಅಣುವನ್ನು ಪರೀಕ್ಷಿಸುವ ಚರಿತ್ರೆಗೆ ಒಂದು ಆರಂಭ ಬೇಕೆಂದರೆ ನಾನು ತೋರಿಸುವುದು ಈ ಕೋಷ್ಟಕವನ್ನು, 1971ನ್ನಲ್ಲ. ಇದರಿಂದ ಫಾಕ್ ಮತ್ತು ಟೇಲರ್ ಅವರ ಸಾಧನೆ ಚಿಕ್ಕದಾಗುವುದಿಲ್ಲ. ನಿರ್ದಿಷ್ಟ ಗುರಿಗೆ ಹೋಗಿ ಅಂಟುವ ಗುಣವನ್ನು ಕಣಕ್ಕೆ ಕೊಟ್ಟವರು ಅವರೇ.

ಈಗ ಲಾಂಗೆ. ಬರ್ಲಿನ್ನಿನ ವೈದ್ಯಕೀಯ ವಾರಪತ್ರಿಕೆಯಲ್ಲಿ 1912ರಲ್ಲಿ ಬಂದ ಅವನ ಲೇಖನದ ವಿಷಯ ನರಮಂಡಲದ ಸಿಫಿಲಿಸ್. ಅವನು ಹೊರಟದ್ದೇನೋ ಬೆನ್ನುಹುರಿ ದ್ರವದ ಪ್ರೊಟೀನುಗಳು ಚಿನ್ನವನ್ನು ಎಷ್ಟು ಕಾಯುತ್ತವೆಂದು ಅಳೆಯಲು. ಆದರೆ ಉಪ್ಪನ್ನು ಇಳಿಸಿ ನೋಡಿದಾಗ ರೋಗಿಯ ದ್ರವ ತಾನೇ ಚಿನ್ನವನ್ನು ಕೆಳಗಿಳಿಸಿತು. ಹತ್ತು ಟ್ಯೂಬುಗಳು, ಮೊದಲನೆಯದರಲ್ಲಿ 0.2 ಮಿಲಿಲೀಟರ್ ಬೆನ್ನುಹುರಿ ದ್ರವ, 1.8 ಮಿಲಿಲೀಟರ್ 0.4% ಉಪ್ಪುನೀರು, ಅಲ್ಲಿಂದ ಪ್ರತಿ ಟ್ಯೂಬಿಗೂ ಅರ್ಧರ್ಧ ತೆಳುಮಾಡುತ್ತ 1:10ರಿಂದ 1:5120ರವರೆಗೆ. ಪ್ರತಿ ಟ್ಯೂಬಿನ ಒಂದು ಮಿಲಿಲೀಟರಿಗೆ 5 ಮಿಲಿಲೀಟರ್ ಚಿನ್ನ. ಮರುದಿನ ಬಣ್ಣ ನೋಡಿ ಅಂಕ: ಕೆಂಪಾಗಿ ಉಳಿದರೆ 0, ಬಣ್ಣ ಪೂರ್ತಿ ಹೋದರೆ 5. ಸಿಫಿಲಿಸ್ ಮಿದುಳಿಗೆ ಏರಿ ಬುದ್ಧಿ ಕೆಡಿಸುವ ಜನರಲ್ ಪ್ಯಾರಿಸಿಸ್‌ನಲ್ಲಿ ಸಾಲು 5555543210 ಎಂದು ಬರುತ್ತಿತ್ತು. ಇದು ಹತ್ತು ಟ್ಯೂಬುಗಳ ಹತ್ತು ಅಂಕಗಳ ರೇಖೆ; ನೋಡಲು ಮಾತ್ರ ಒಂದು ಸಂಖ್ಯೆಯಂತಿದೆ. ಹೆಸರಿನ ಗೊಂದಲಕ್ಕೆ ಇದೂ ಕಾರಣವಾಗಿರಬೇಕು.

ಉಪ್ಪಿನ ಲೆಕ್ಕಕ್ಕೆ ಬರೋಣ. ಜಿಗ್ಮಾಂಡಿಯ ಬೀಕರಿನಲ್ಲಿ 10% ದ್ರಾವಣದ ಒಂದು ಮಿಲಿಲೀಟರ್ ಹೋಗಿ ಸೇರುವುದು ಹತ್ತು ಮಿಲಿಲೀಟರ್ ಚಿನ್ನಕ್ಕೆ. ಒಟ್ಟು ಹನ್ನೊಂದರಲ್ಲಿ ಉಪ್ಪು 0.91%. ಪ್ರೊಟೀನ್ ದ್ರಾವಣವೂ ಒಂದು ಮಿಲಿಲೀಟರ್ ಇದ್ದರೆ 0.83%. ಲಾಂಗೆಯ ಟ್ಯೂಬಿನಲ್ಲಿ 0.4% ದ್ರಾವಣದ ಒಂದು ಪಾಲಿಗೆ ಐದು ಪಾಲು ಚಿನ್ನ: 0.067%. ಬೆನ್ನುಹುರಿ ದ್ರವದೊಳಗಿನ ಉಪ್ಪನ್ನು ಕೂಡಿಸಿದರೂ ಮೊದಲ ಟ್ಯೂಬು 0.07ರ ಆಸುಪಾಸು. ಎರಡರ ನಡುವೆ ಹನ್ನೆರಡರಿಂದ ಹದಿನಾಲ್ಕು ಪಟ್ಟು. ಚಿನ್ನ ಕುಸಿಯುವ ಗಡಿ ಇವೆರಡರ ಯಾವ ಕಡೆಗಿದೆ ಎಂಬುದೇ ಇಲ್ಲಿ ನಿರ್ಣಾಯಕ. ಅದಕ್ಕೂ ಸಾಕ್ಷಿಯಿದೆ. ಲಾಂಗೆ ಪರೀಕ್ಷೆಯನ್ನು ಹದಕ್ಕೆ ತಂದ ಜಾನ್ಸ್ ಹಾಪ್ಕಿನ್ಸ್‌ನ ಮಿಲ್ಲರ್ ಮತ್ತು ಸಂಗಡಿಗರು 1915ರಲ್ಲಿ ಒಳ್ಳೆಯ ಚಿನ್ನಕ್ಕೆ ಇಟ್ಟ ಒರೆಗಲ್ಲೆಂದರೆ, 5 ಮಿಲಿಲೀಟರ್ ಚಿನ್ನವನ್ನು 1% ಉಪ್ಪಿನ 1.7 ಮಿಲಿಲೀಟರ್ ಒಂದು ಗಂಟೆಯಲ್ಲಿ ಪೂರ್ತಿ ಇಳಿಸಬೇಕು. ಲೆಕ್ಕ ಹಾಕಿದರೆ 0.25%. ಅಂದರೆ ಜಿಗ್ಮಾಂಡಿಯ ಉಪ್ಪಿನಲ್ಲಿ ಕಾವಲಿಲ್ಲದ ಚಿನ್ನ ಖಂಡಿತ ಬೀಳುತ್ತದೆ. ಲಾಂಗೆಯ ಉಪ್ಪಿನಲ್ಲಿ ಅದು ಬೀಳಬಾರದು. ಉಪ್ಪುನೀರು ಮಾತ್ರ ಹಾಕಿದ ಹನ್ನೊಂದನೆಯ ಟ್ಯೂಬು ಕೆಂಪಾಗಿ ಉಳಿಯದಿದ್ದರೆ ಪರೀಕ್ಷೆಯನ್ನೇ ಎಸೆಯುತ್ತಿದ್ದರು. ಮೊದಲನೆಯ ಪರೀಕ್ಷೆಯ ಪ್ರಶ್ನೆ ‘ಬೀಳುವ ಚಿನ್ನವನ್ನು ಈ ಪ್ರೊಟೀನ್ ಹಿಡಿದೀತೇ’ ಎಂದು. ಎರಡನೆಯದರ ಪ್ರಶ್ನೆ ‘ನಿಂತಿರುವ ಚಿನ್ನವನ್ನು ಈ ಪ್ರೊಟೀನ್ ಬೀಳಿಸೀತೇ’ ಎಂದು.

ಪ್ರೊಟೀನುಗಳ ಪಾತ್ರವೂ ಅದಲುಬದಲಾಗಿದೆ. ಶುಲ್ಜ್ ಕೋಷ್ಟಕದಲ್ಲಿ ಗ್ಲೋಬ್ಯುಲಿನ್ ಬಲವಾದ ಕಾವಲುಗಾರ, ಹರಳಿನ ಆಲ್ಬ್ಯುಮಿನ್ ತೀರ ದುರ್ಬಲ. ಲಾಂಗೆಯ ಟ್ಯೂಬಿನಲ್ಲಿ ಚಿನ್ನವನ್ನು ಬೀಳಿಸುವುದೇ ಗಾಮಾ ಗ್ಲೋಬ್ಯುಲಿನ್, ಕಾಯುವುದು ಆಲ್ಬ್ಯುಮಿನ್. ನರಮಂಡಲದ ಸಿಫಿಲಿಸ್‌ನಲ್ಲಿ ಗಾಮಾ ಗ್ಲೋಬ್ಯುಲಿನ್ ಏರುತ್ತದೆಂದು 1942ರಲ್ಲಿ ಕಬಾಟ್ ಮತ್ತು ಜೊತೆಗಾರರು ಎಲೆಕ್ಟ್ರೊಫೊರೆಸಿಸ್‌ನಿಂದ ತೋರಿಸಿದ ಮೇಲೆ ಆ ರೇಖೆಗಳ ಅರ್ಥ ತಿಳಿಯಾಯಿತು. ಮೊಟ್ಟೆಯ ಗ್ಲೋಬ್ಯುಲಿನ್ ಬೇರೆ, ಮನುಷ್ಯನ ಗಾಮಾ ಗ್ಲೋಬ್ಯುಲಿನ್ ಬೇರೆ; ಈ ಹೋಲಿಕೆಯೊಂದರ ಮೇಲೆಯೇ ನನ್ನ ವಾದ ನಿಂತಿದ್ದರೆ ಅದನ್ನು ಬಿಟ್ಟುಕೊಡುತ್ತಿದ್ದೆ. ಉಪ್ಪಿನ ಲೆಕ್ಕಕ್ಕೆ ಆ ತೊಡಕಿಲ್ಲ. ಚಿನ್ನದ ಕಣದ ಮೈಮೇಲೆ ಋಣ ವಿದ್ಯುದಂಶ, ಆಲ್ಬ್ಯುಮಿನ್‌ಗೂ ಅದೇ. ಗಾಮಾ ಗ್ಲೋಬ್ಯುಲಿನ್‌ನ ಋಣಾಂಶ ಅದಕ್ಕಿಂತ ಬಹಳ ಕಡಿಮೆ, ಪರಿಸ್ಥಿತಿಗೆ ತಕ್ಕಂತೆ ಧನವೂ ಆಗಬಲ್ಲದು. ಕಣವನ್ನು ಪೂರ್ತಿ ಹೊದಿಸಲು ಸಾಲದಷ್ಟು ಅದು ಬಂದು ಅಂಟಿದಾಗ ಕಣಗಳ ಪರಸ್ಪರ ವಿಕರ್ಷಣೆ ತಗ್ಗಿ ಅವು ಒಂದಕ್ಕೊಂದು ಕೂಡಿಕೊಳ್ಳುತ್ತವೆ.

ಲಾಂಗೆ ಪರೀಕ್ಷೆ ಕಾಲಕ್ರಮದಲ್ಲಿ ಮರೆಯಾಯಿತು. ಸ್ವರ್ಣಸಂಖ್ಯೆ ಹಾಗೆ ಮರೆಯಾಗಲಿಲ್ಲ; ಪ್ರಯೋಗಾಲಯದಲ್ಲಿ ಅದರ ಹೆಸರು ಹೋಗಿ ಕೆಲಸ ಉಳಿಯಿತು. 1980ರಲ್ಲಿ ಲ್ಯೂವರಿಂಗ್ ಮತ್ತು ಸಂಗಡಿಗರು ಚಿನ್ನದ ಕಣಗಳಿಂದ ಹಾರ್ಮೋನು ಪತ್ತೆಹಚ್ಚುವ ವಿಧಾನ ಪ್ರಕಟಿಸಿದರು. ಇಂದು ಔಷಧಿ ಅಂಗಡಿಯಲ್ಲಿ ಸಿಗುವ ಗರ್ಭಪರೀಕ್ಷೆಯ ಬಹಳಷ್ಟು ಪಟ್ಟಿಗಳಲ್ಲಿ, ಕೋವಿಡ್ ಕಾಲದಲ್ಲಿ ಮೂಗಿನ ದ್ರವ ಹಾಕಿ ನೋಡಿದ ಎಷ್ಟೋ ಪಟ್ಟಿಗಳಲ್ಲಿ, ಕಾಣುವ ಕೆಂಪು ಗೆರೆ ಪ್ರತಿಕಾಯ ಹೊದ್ದ ಚಿನ್ನದ್ದೇ. ಅವುಗಳ ತಯಾರಿಗೆ ಮುನ್ನ ಪ್ರಯೋಗಾಲಯದವರು ‘ಸಾಲ್ಟ್ ಟೆಸ್ಟ್’ ಮಾಡುತ್ತಾರೆ: ಪ್ರತಿಕಾಯದ ಏರುವ ಪ್ರಮಾಣಗಳಿಗೆ ಒಂದೊಂದು ಮಿಲಿಲೀಟರ್ ಚಿನ್ನ, ಆಮೇಲೆ 100 ಮೈಕ್ರೊಲೀಟರ್ 10% ಉಪ್ಪು. ಇದು ಜಿಗ್ಮಾಂಡಿಯ ಬೀಕರಿನ ಸರಿಯಾಗಿ ಹತ್ತನೆಯ ಒಂದು ಪಾಲು. ಉಪ್ಪಿನ ಶೇಕಡಾವಾರೂ ಅದೇ. ಕೆಂಪಾಗಿ ಉಳಿದ ಕನಿಷ್ಠ ಪ್ರಮಾಣ ಹಿಡಿದು ಅದರ ಮೇಲೆ ಇನ್ನಷ್ಟು ಸೇರಿಸಿ ಅವರು ಕೆಲಸ ಮಾಡುತ್ತಾರೆ. ಸ್ವರ್ಣಸಂಖ್ಯೆಯನ್ನು ‘ತಡೆಯುವ ಪ್ರಮಾಣ’ವೆಂದು ಓದಿ ಹಳೆಯ ಕೋಷ್ಟಕದ ಕೆಳಗಿನ ಅಂಕಿಯನ್ನೇ ಎತ್ತಿಕೊಂಡವರ ಚಿನ್ನ ಮಾತ್ರ ನೀಲಿಯಾಗುವುದು ಖಂಡಿತ, ಏಕೆಂದರೆ ಅದು ಸೋತ ಬೀಕರಿನ ಅಂಕಿ.

ಇಂದಿನ ವರದಿಗಳಲ್ಲಿ ಗೆದ್ದ ಪ್ರಮಾಣವೊಂದೇ ಅಚ್ಚಾಗುತ್ತದೆ, ಅದರ ಹಿಂದಿನ ಸೋತ ಪ್ರಮಾಣ ಕಾಣುವುದಿಲ್ಲ. ಎರಡರ ಜೊತೆಗೆ ಕಣದ ವ್ಯಾಸವನ್ನೂ ಕೊಡಬೇಕು: ಅಷ್ಟೇ ತೂಕದ ಚಿನ್ನ 20 ನ್ಯಾನೊಮೀಟರಿನ ಕಣಗಳಾಗಿದ್ದಾಗ ಇರುವ ಮೇಲ್ಮೈ 40 ನ್ಯಾನೊಮೀಟರಿನ ಕಣಗಳಾದಾಗ ಅರ್ಧಕ್ಕೆ ಇಳಿಯುತ್ತದೆ, ಅದನ್ನು ಹೊದಿಸಲು ಬೇಕಾಗುವ ಪ್ರೊಟೀನೂ ಹೆಚ್ಚುಕಡಿಮೆ ಅರ್ಧವೇ.