ಗುಬ್ಬಿ ಕಂಪನಿಯ ಹುಡುಗ, ಸಿನಿಮಾದ ಸಂಗೀತಗಾರ

ನಮ್ಮ ಊರ್ಡಿಗೆರೆಯ ಕಡೆ ನಾಟಕದ ಮಾತು ಎಲ್ಲೇ ಶುರುವಾದರೂ ಕೊನೆಗೆ ಗುಬ್ಬಿಗೇ ಹೋಗಿ ನಿಲ್ಲುತ್ತದೆ. 1884ರಲ್ಲಿ ಅಲ್ಲಿ ಹುಟ್ಟಿದ ಚನ್ನಬಸವೇಶ್ವರ ನಾಟಕ ಸಂಘ ಮುಂದೆ ವೀರಣ್ಣನವರ ಕೈಯಲ್ಲಿ ನಾಡಿನ ತುಂಬ ಹೆಸರು ಮಾಡಿತು. ಅಲ್ಲಿಂದ ಸಿನಿಮಾಕ್ಕೆ ಹೋದವರೆಂದರೆ ರಾಜ್‌ಕುಮಾರ್, ನರಸಿಂಹರಾಜು, ಬಾಲಕೃಷ್ಣ ನೆನಪಾಗುತ್ತಾರೆ. ಅದೇ ಕಂಪನಿಯಲ್ಲಿ ಬಣ್ಣ ಹಚ್ಚಿದ್ದ ಹುಡುಗನೊಬ್ಬ ಮುಂದೆ ಸಿನಿಮಾ ಸಂಗೀತಕ್ಕಾಗಿ ಎರಡು ಬಾರಿ ರಾಷ್ಟ್ರಪ್ರಶಸ್ತಿ ಪಡೆದದ್ದು ಅಷ್ಟಾಗಿ ನೆನಪಾಗುವುದಿಲ್ಲ. ಆ ಹುಡುಗ ಬಿ.ವಿ. ಕಾರಂತ.

1929ರಲ್ಲಿ ಬಂಟ್ವಾಳ ತಾಲೂಕಿನ ಮಂಚಿ ಬಳಿಯ ಬಾಬುಕೋಡಿಯಲ್ಲಿ ಹುಟ್ಟಿದ ಕಾರಂತರು ಎಳೆಯ ವಯಸ್ಸಿನಲ್ಲೇ ಮನೆ ಬಿಟ್ಟು ಓಡಿಬಂದು ಗುಬ್ಬಿ ಕಂಪನಿ ಸೇರಿದರು. ಬಾಲಪಾತ್ರಗಳನ್ನು ಮಾಡಿದರು. ಕಂಪನಿ ನಾಟಕದಲ್ಲಿ ನಟ ಹಾಡಲೇಬೇಕಿತ್ತು. ಪಾತ್ರದ ಸಿಟ್ಟು, ದುಃಖ, ಹಾಸ್ಯ ಎಲ್ಲವೂ ಮಾತಿನಿಂದ ಹಾಡಿಗೆ, ಹಾಡಿನಿಂದ ಮಾತಿಗೆ ದಾಟುತ್ತಿದ್ದವು. ಪಾಠಶಾಲೆಯಲ್ಲಿ ಸಿಗದ ಸಂಗೀತಪಾಠ ಇದು.

ಆ ಹಾಡುಗಳಾದರೂ ಎಲ್ಲಿಂದ ಬಂದವು? ಕರ್ನಾಟಕ ಸಂಗೀತದ ಜೊತೆಗೆ ಉರ್ದು, ಹಿಂದುಸ್ತಾನಿ ನಾಟಕಗಳನ್ನಾಡುತ್ತ ತಿರುಗುತ್ತಿದ್ದ ಪಾರ್ಸಿ ಕಂಪನಿಗಳ ಮಟ್ಟುಗಳೂ ನಮ್ಮ ರಂಗಭೂಮಿಗೆ ಬಂದಿದ್ದವು. ಗಜಲಿನ ಧಾಟಿಯಲ್ಲಿ ಪುರಾಣದ ಪಾತ್ರಗಳು ಹಾಡಿದವು. ಸ್ವಂತ ಕಂಪನಿ ಕಟ್ಟಿದ ಮಹಮದ್ ಪೀರ್ ಅವರಂಥ ದೊಡ್ಡ ನಟರನ್ನು ಕನ್ನಡಿಗರು ತಮ್ಮವರೆಂದೇ ಮೆಚ್ಚಿಕೊಂಡರು. ಕಾರಂತರ ಕಿವಿ ಬೆಳೆದದ್ದು ಇಂಥ ಬೆರಕೆಯಲ್ಲಿ.

ಹುಡುಗನ ಶಕ್ತಿಯನ್ನು ಗುರುತಿಸಿದ ವೀರಣ್ಣನವರು ಅವರನ್ನು ಕಾಶಿಗೆ ಕಳಿಸಿದರು. ಅಲ್ಲಿ ಕಾರಂತರು ಹಿಂದಿ ಎಂ.ಎ. ಓದಿದರು, ಓಂಕಾರನಾಥ ಠಾಕೂರರಲ್ಲಿ ಹಿಂದುಸ್ತಾನಿ ಸಂಗೀತ ಕಲಿತರು. 1962ರಲ್ಲಿ ದೆಹಲಿಯ ರಾಷ್ಟ್ರೀಯ ನಾಟಕ ಶಾಲೆಯಿಂದ ಪದವಿ ಪಡೆದರು.

ಶಿವರಾಮ ಕಾರಂತರ ಕಾದಂಬರಿ ಆಧರಿಸಿದ 'ಚೋಮನ ದುಡಿ' (1975) ಚಿತ್ರಕ್ಕೆ ನಿರ್ದೇಶನವೂ ಸಂಗೀತವೂ ಅವರದೇ. ಚಿತ್ರ ಸ್ವರ್ಣಕಮಲ ಪಡೆಯಿತು. ಬೇಸಾಯಕ್ಕೆ ತುಂಡು ನೆಲ ಸಿಗದ ಚೋಮನಿಗೆ ದುಡಿಯೇ ನಾಲಗೆ. ಆ ದುಡಿಯ ಸದ್ದು ಕಥೆಗೆ ಹಿನ್ನೆಲೆಯಲ್ಲ, ಅದೇ ಕಥೆ. ನಟನಾಗಿ ಬೆಳೆದವನಿಗೆ ಇದು ಸಹಜವಾಗಿ ಹೊಳೆಯುತ್ತದೆ. ಅವನು ಮೊದಲು ಕೇಳುವುದು ರಾಗವನ್ನಲ್ಲ, ಪಾತ್ರದ ಉಸಿರನ್ನು. 'ಋಷ್ಯಶೃಂಗ'ಕ್ಕೆ 1976ರ, 'ಘಟಶ್ರಾದ್ಧ'ಕ್ಕೆ 1977ರ ರಾಷ್ಟ್ರಪ್ರಶಸ್ತಿ ಬಂತು. ಬಂಗಾಳದ ಮೃಣಾಲ್ ಸೇನ್ 'ಏಕ್ ದಿನ್ ಪ್ರತಿದಿನ್' (1979), 'ಖಾರಿಜ್' (1982) ಚಿತ್ರಗಳ ಸಂಗೀತಕ್ಕೆ ಕಾರಂತರನ್ನೇ ಕರೆದರು.

1989ರಲ್ಲಿ ಮೈಸೂರಿನಲ್ಲಿ ರಂಗಾಯಣ ಕಟ್ಟಿದ ಕಾರಂತರು 2002ರಲ್ಲಿ ತೀರಿಕೊಂಡರು. ಹಾಡು, ಭಾಷೆ, ಉಡುಪು ಎಲ್ಲಕ್ಕೂ 'ನಮ್ಮದು, ಅವರದು' ಎಂದು ಗೆರೆ ಎಳೆಯುವವರು ಈಗ ಹೆಚ್ಚಾಗಿದ್ದಾರೆ. ಗುಬ್ಬಿಯ ಹಾಡಿನಿಂದ ಪಾರ್ಸಿ ಕಂಪನಿಯ ಮಟ್ಟನ್ನು ಕಿತ್ತು ತೆಗೆಯಲು ಹೊರಟರೆ ಉಳಿಯುವುದು ಹರಿದ ಹಾಡು. ಕರಾವಳಿಯ ಹುಡುಗ, ಬಯಲುಸೀಮೆಯ ಕಂಪನಿ, ಕಾಶಿಯ ಗುರು, ಬಂಗಾಳದ ಸಿನಿಮಾ ಇವೆಲ್ಲ ಸೇರಿ ಒಬ್ಬ ಕಲಾವಿದ ಆದ. ನಮ್ಮ ಮಕ್ಕಳಿಗೆ ಈ ಚರಿತ್ರೆಯನ್ನು ಹೇಳುವ ಹೊಣೆ ಗುಬ್ಬಿಯ ನೆರೆಯವರಾದ ನಮ್ಮ ಮೇಲೂ ಇದೆ.