ವೃತ್ತವೋ, ದೀರ್ಘವೃತ್ತವೋ? – ನಾಯಿಯ ಕಳವಳ ವಿಜ್ಞಾನಕ್ಕೆ ತಿಳಿದ ಬಗೆ



ತನ್ನ ಬಾಲವನ್ನೇ ಹಿಡಿಯಲು ಹೊತ್ತುಗಟ್ಟಲೆ ಗಿರಗಿರನೆ ಸುತ್ತುವ ನಾಯಿಯನ್ನು ನೀವು ನೋಡಿರಬಹುದು. ಹುಣ್ಣಾಗುವವರೆಗೆ ಒಂದೇ ಕಾಲನ್ನು ನೆಕ್ಕುವ ನಾಯಿ, ಪಟಾಕಿಯ ಸದ್ದಿಗೆ ಮಂಚದ ಕೆಳಗೆ ಸೇರಿ ನಡುಗುವ ನಾಯಿ ನಿಮ್ಮ ಬೀದಿಯಲ್ಲೇ ಇರಬಹುದು. ಇಂಥದನ್ನು ಕಂಡು ಕೆಲವರು ನಗುತ್ತಾರೆ, ಕೆಲವರು ಕೋಲು ಎತ್ತುತ್ತಾರೆ. ಆದರೆ ಪ್ರಾಣಿಯ ಮನಸ್ಸೂ ಕಳವಳಕ್ಕೆ ಸಿಕ್ಕಿ ಕೆಡಬಲ್ಲದೇ? ಈ ಪ್ರಶ್ನೆಗೆ ಮಹತ್ವದ ಉತ್ತರವೊಂದು ದೊರೆತದ್ದು ರಷ್ಯಾದ ಪ್ರಯೋಗಶಾಲೆಯೊಂದರಲ್ಲಿ, ಅದೂ ಅನಿರೀಕ್ಷಿತವಾಗಿ.

ಇವಾನ್ ಪಾವ್ಲೋವ್ (1849–1936) ಅವರ ಹೆಸರನ್ನು ನೀವು ಪಠ್ಯಪುಸ್ತಕದಲ್ಲಿ ಓದಿರುತ್ತೀರಿ. ಜೀರ್ಣಕ್ರಿಯೆಯ ಸಂಶೋಧನೆಗಾಗಿ ಅವರಿಗೆ 1904ರಲ್ಲಿ ನೊಬೆಲ್ ಬಹುಮಾನ ಬಂದಿತು. ಆಹಾರಕ್ಕೆ ಮೊದಲು ಒಂದು ಸಂಕೇತವನ್ನು ಮತ್ತೆ ಮತ್ತೆ ಕೊಟ್ಟರೆ, ಮುಂದೆ ಆ ಸಂಕೇತಕ್ಕೇ ನಾಯಿಯ ಬಾಯಲ್ಲಿ ಜೊಲ್ಲು ಸುರಿಯುತ್ತದೆ ಎಂಬುದನ್ನು ಅವರು ತೋರಿಸಿದರು. ಇದೇ ಅನುಬಂಧಿತ ಪ್ರತಿಕ್ರಿಯೆ.

1914ರ ಸುಮಾರಿಗೆ ಅವರ ಸಹಾಯಕಿ ಶೆಂಗರ್-ಕ್ರೆಸ್ತೋವ್ನಿಕೋವಾ ಒಂದು ಪ್ರಯೋಗ ನಡೆಸಿದರು. ನಾಯಿಯ ಮುಂದಿನ ಪರದೆಯ ಮೇಲೆ ಬೆಳಕಿನ ವೃತ್ತ ಮೂಡಿದರೆ ಆಹಾರ ಸಿಗುತ್ತಿತ್ತು. ದೀರ್ಘವೃತ್ತ ಮೂಡಿದರೆ ಇಲ್ಲ. ನಾಯಿ ಈ ಭೇದವನ್ನು ಬೇಗ ಕಲಿಯಿತು. ಆಮೇಲೆ ದೀರ್ಘವೃತ್ತವನ್ನು ಹಂತ ಹಂತವಾಗಿ ವೃತ್ತದ ಹತ್ತಿರಕ್ಕೆ ತರಲಾಯಿತು. ಅದರ ಎರಡು ಅಕ್ಷಗಳ ಪ್ರಮಾಣ 9:8 ಆದಾಗ ತೊಡಕು ಶುರುವಾಯಿತು. ಮೂರು ವಾರ ಪ್ರಯತ್ನಿಸಿದರೂ ನಾಯಿಯ ಗುರುತಿಸುವಿಕೆ ಸುಧಾರಿಸಲಿಲ್ಲ, ಬದಲಾಗಿ ಇನ್ನಷ್ಟು ಕೆಟ್ಟಿತು. ಅದುವರೆಗೆ ಶಾಂತವಾಗಿ ನಿಲ್ಲುತ್ತಿದ್ದ ಪ್ರಾಣಿ ಕೀರಲು ದನಿಯಲ್ಲಿ ಅರಚತೊಡಗಿತು, ಮೈ ಕೊಸರಾಡಿತು, ಮೈಗೆ ಕಟ್ಟಿದ್ದ ಉಪಕರಣವನ್ನು ಹಲ್ಲಿನಿಂದ ಕಿತ್ತುಹಾಕಿತು, ಕೊಳವೆಗಳನ್ನು ಕಚ್ಚಿ ತುಂಡರಿಸಿತು. ಮೊದಲು ಸುಲಭವಾಗಿ ಮಾಡುತ್ತಿದ್ದ ಗುರುತಿಸುವಿಕೆಯನ್ನೂ ಅದು ಮರೆತಿತ್ತು!

ಗಮನಿಸಿ: ಆ ನಾಯಿಯನ್ನು ಆಗ ಯಾರೂ ಹೊಡೆದಿರಲಿಲ್ಲ. ಹೌದೋ ಅಲ್ಲವೋ ಎಂದು ತೀರ್ಮಾನಿಸಲಾಗದ ಸಂದಿಗ್ಧವೇ ಅದನ್ನು ಕೆಡಿಸಿತ್ತು. ಪಾವ್ಲೋವ್ ಇಂಥ ಸ್ಥಿತಿಯನ್ನು ಪ್ರಯೋಗಜನ್ಯ ನ್ಯೂರೋಸಿಸ್ ಎಂದು ಪರಿಗಣಿಸಿದರು.

ಎರಡನೆಯ ಪಾಠವನ್ನು ಪ್ರಕೃತಿಯೇ ಕಲಿಸಿತು. 1924ರ ಸೆಪ್ಟೆಂಬರ್ 23ರಂದು ಲೆನಿನ್‌ಗ್ರಾಡ್ ನಗರದಲ್ಲಿ ನೇವಾ ನದಿ ಉಕ್ಕಿ ಹರಿಯಿತು. ನಾಯಿಗಳ ಗೂಡುಗಳಿಗೆ ನೀರು ನುಗ್ಗಿತು. ಅವನ್ನು ಈಜಿಸಿಕೊಂಡೇ ಪ್ರಯೋಗಶಾಲೆಯ ಕಟ್ಟಡಕ್ಕೆ ಸಾಗಿಸಬೇಕಾಯಿತು. ನೀರು ಇಳಿದ ಮೇಲೆ ನೋಡಿದರೆ ಕೆಲವು ನಾಯಿಗಳು ಮೊದಲಿನಂತಿರಲಿಲ್ಲ. ಒಂದು ನಾಯಿಯಂತೂ ಚಡಪಡಿಸುತ್ತ ಆಹಾರವನ್ನೇ ಮುಟ್ಟಲಿಲ್ಲ, ಕಲಿತದ್ದೆಲ್ಲ ಅಳಿಸಿಹೋಗಿತ್ತು. ಪರಿಚಿತ ಪ್ರಯೋಗಕಾರ ಕೋಣೆಯೊಳಗೆ ಜೊತೆಗಿದ್ದಾಗ ಮಾತ್ರ ಅದು ಚೇತರಿಸಿಕೊಳ್ಳುತ್ತಿತ್ತು. ಅದು ಸುಧಾರಿಸಿದ ಮೇಲೆ ಒಂದು ದಿನ ಬಾಗಿಲ ಸಂದಿಯಿಂದ ಸ್ವಲ್ಪವೇ ನೀರನ್ನು ಹರಿಯಬಿಟ್ಟರು. ಅಷ್ಟಕ್ಕೇ ನಾಯಿ ಬೆಚ್ಚಿಬಿದ್ದು, ಹಳೆಯ ಸ್ಥಿತಿಗೆ ಮರಳಿತು. ಒಂದೇ ದಿನದ ಭಯ ತಿಂಗಳುಗಳ ಕಾಲ ಉಳಿಯಬಲ್ಲದು ಎಂಬುದು ಇದರಿಂದ ಸ್ಪಷ್ಟವಾಯಿತು. ಎಲ್ಲ ನಾಯಿಗಳೂ ಹೀಗಾಗಲಿಲ್ಲ ಎಂಬುದೂ ಮುಖ್ಯ. ಒಂದೊಂದು ನಾಯಿಯ ಸ್ವಭಾವ ಒಂದೊಂದು ಬಗೆ ಎಂದು ಪಾವ್ಲೋವ್ ಒತ್ತಿ ಹೇಳಿದರು.

ಈ ಜ್ಞಾನ ಚಿಕಿತ್ಸೆಯ ರೂಪ ಪಡೆಯಲು ದಶಕಗಳೇ ಬೇಕಾದವು. ಮತ್ತೆ ಮತ್ತೆ ಕೈ ತೊಳೆಯದೆ ಇರಲಾರದ ಮಕ್ಕಳ ಕಾಯಿಲೆಯನ್ನು ಅಧ್ಯಯನ ಮಾಡುತ್ತಿದ್ದ ಅಮೆರಿಕದ ವೈದ್ಯೆ ಜುಡಿತ್ ರಾಪೊಪೋರ್ಟ್ ಮತ್ತು ಸಂಗಡಿಗರು, ಕಾಲು ನೆಕ್ಕುವ ನಾಯಿಗಳಿಗೂ ಅದೇ ಕಾಯಿಲೆಯ ಔಷಧಿಯಾದ ಕ್ಲೊಮಿಪ್ರಮೈನ್ ಗುಣಕಾರಿ ಎಂದು 1992ರಲ್ಲಿ ಪ್ರಕಟಿಸಿದರು. 2010ರಲ್ಲಿ ನಿಕೊಲಸ್ ಡಾಡ್‌ಮನ್ ಮತ್ತು ಸಂಗಡಿಗರು, ತಮ್ಮ ಪಕ್ಕೆಯನ್ನೋ ಕಂಬಳಿಯನ್ನೋ ಬಿಡದೆ ಚೀಪುವ ಡಾಬರ್‌ಮನ್ ನಾಯಿಗಳಲ್ಲಿ ಈ ಚಟಕ್ಕೂ ನಾಯಿಯ 7ನೆಯ ವರ್ಣತಂತುವಿನ ಒಂದು ಭಾಗಕ್ಕೂ ಸಂಬಂಧವಿದೆ ಎಂದು ತೋರಿಸಿದರು. ಹುಟ್ಟಿನಿಂದ ಬಂದ ಒಲವು ಮತ್ತು ಬದುಕು ಕೊಟ್ಟ ಒತ್ತಡ, ಎರಡೂ ಇಲ್ಲಿ ಪಾತ್ರ ವಹಿಸುತ್ತವೆ.

ಈ ತಿಳಿವಳಿಕೆಗೆ ಬೆಲೆ ತೆತ್ತವು ಮೂಕ ಪ್ರಾಣಿಗಳು. ಆ ಋಣವನ್ನು ತೀರಿಸಲು ನಮಗೊಂದು ದಾರಿಯಿದೆ. ಇಂದು ಮೈಮೇಲೆ ಹಾರಿದ ನಾಯಿಯನ್ನು ಮುದ್ದಿಸಿ, ನಾಳೆ ಅದೇ ತಪ್ಪಿಗೆ ಹೊಡೆದರೆ, ನಾವೂ ಅದರ ಮುಂದೆ ವೃತ್ತ–ದೀರ್ಘವೃತ್ತಗಳ ಒಗಟನ್ನೇ ಇಟ್ಟಂತಾಗುತ್ತದೆ. ಇಡೀ ದಿನ ಸರಪಳಿಯಲ್ಲಿ ಕಟ್ಟಿಹಾಕಿ ಒಂಟಿಯಾಗಿ ಬಿಟ್ಟರೂ ಅದರ ಕಳವಳ ಹೆಚ್ಚುತ್ತದೆ. ನಿಯಮ ಒಂದೇ ಇರಲಿ, ಓಡಾಟಕ್ಕೆ ಅವಕಾಶವಿರಲಿ, ಪರಿಚಿತರ ಜೊತೆ ಇರಲಿ. ನೆಕ್ಕುವುದು, ಸುತ್ತುವುದು ನಿಲ್ಲದಿದ್ದರೆ ಪಶುವೈದ್ಯರ ಬಳಿಗೆ ಕರೆದೊಯ್ಯಿರಿ. ಅದು ತುಂಟತನವಲ್ಲ, ಸಂಕಟ.